ಪುಣೆಯ ಧರ್ಮೇತಿಹಾಸ: ಹಸ್ತಪ್ರತಿಯಿಂದ ಕುರಿಹಟ್ಟಿಯವರೆಗೆ

ಪುಣೆಯಲ್ಲಿ ಬೆಳೆದ ಧರ್ಮೇತಿಹಾಸದ ಅಧ್ಯಯನಕ್ಕೆ ಎರಡು ಆರಂಭಗಳಿವೆ. 1873ರಲ್ಲಿ ಜೋತಿಬಾ ಫುಲೆ ‘ಗುಲಾಮಗಿರಿ’ ಬರೆದರು. ಹೊರಗಿನಿಂದ ಬಂದವರು ಇಲ್ಲಿನವರನ್ನು ಸೋಲಿಸಿದ ನೆನಪೇ ದಶಾವತಾರದ ಕಥೆಗಳು ಎಂಬುದು ಅದರ ವಾದ. ಅದರ ಪ್ರಕಾರ ಬಲಿ ಇಲ್ಲಿನ ನ್ಯಾಯವಂತ ಅರಸು. ಖಂಡೋಬಾ, ಜೋತಿಬಾ ಮೊದಲಾದ ದೇವರು ಅವನ ಅಧಿಕಾರಿಗಳು. ನಲವತ್ತು ವರ್ಷಗಳ ನಂತರ, 1913ರಲ್ಲಿ, ರಾಮಕೃಷ್ಣ ಗೋಪಾಲ ಭಾಂಡಾರಕರ ವೈಷ್ಣವ, ಶೈವ ಮತ್ತು ಇತರ ಸಣ್ಣ ಮತಗಳ ಚರಿತ್ರೆಯನ್ನು ಇಂಗ್ಲಿಷಿನಲ್ಲಿ ಪ್ರಕಟಿಸಿದರು. ಬೆಸ್‌ನಗರದ ಗರುಡಸ್ತಂಭದ ಬರಹದಂಥ ಶಾಸನಗಳನ್ನು ಗ್ರಂಥಗಳ ಪಕ್ಕದಲ್ಲಿಟ್ಟು ವಾಸುದೇವ ಭಕ್ತಿಗೆ ಅವರು ಕಾಲಾನುಕ್ರಮ ಕಟ್ಟಿದರು. ದೇವರ ಕಥೆಯಿಂದ ಯಾರಿಗೆ ಲಾಭವಾಯಿತು ಎಂಬುದು ಫುಲೆಯವರ ಪ್ರಶ್ನೆ. ಅದು ಯಾವ ಕಾಲದ್ದು ಎಂಬುದು ಭಾಂಡಾರಕರರ ಪ್ರಶ್ನೆ. ಪುಣೆಯ ವಿದ್ವತ್ತು ಎರಡನೆಯದನ್ನು ಹಿಡಿದು ಬೆಳೆಯಿತು, ಮೊದಲನೆಯದನ್ನು ಬಹುಕಾಲ ಬದಿಗಿಟ್ಟಿತು. ಈ ಪರಂಪರೆಯ ಸಾಧನೆಗೂ ಕೊರತೆಗೂ ಈ ಆಯ್ಕೆಯೇ ಕಾರಣ.

1917ರಲ್ಲಿ ಸ್ಥಾಪನೆಯಾದ ಭಾಂಡಾರಕರ ಪ್ರಾಚ್ಯವಿದ್ಯಾ ಸಂಶೋಧನ ಮಂದಿರ ಕಾಲನಿರ್ಣಯದ ವಿಧಾನಕ್ಕೆ ಮನೆಯಾಯಿತು. ಪಾಂಡುರಂಗ ವಾಮನ ಕಾಣೆಯವರ ಧರ್ಮಶಾಸ್ತ್ರದ ಇತಿಹಾಸ 1930ರಿಂದ 1962ರವರೆಗೆ ಐದು ಸಂಪುಟಗಳಲ್ಲಿ ಇಲ್ಲಿಂದ ಹೊರಬಂತು. 1919ರಲ್ಲಿ ಶುರುವಾಗಿ 1966ರಲ್ಲಿ ಮುಗಿದ ಮಹಾಭಾರತದ ಸಂಶೋಧಿತ ಆವೃತ್ತಿಗೆ ದೇಶದ ನಾನಾ ಲಿಪಿಗಳ ಹಸ್ತಪ್ರತಿಗಳನ್ನು ತಾಳೆ ನೋಡಲಾಯಿತು. ವ್ಯಾಸರು ಹೇಳಿದ್ದನ್ನು ಗಣಪತಿ ಬರೆದುಕೊಂಡ ಕಥೆ ಅದರಲ್ಲಿ ಮೂಲಪಾಠದಿಂದ ಹೊರಬಿದ್ದು ಅನುಬಂಧ ಸೇರಿತು. ಹಳೆಯ ಪಾಠವನ್ನು ಗುರುತಿಸಲು ಈ ಕಟ್ಟುನಿಟ್ಟು ಅಗತ್ಯವಾಗಿತ್ತು. ಆದರೆ ಆ ಕಥೆ ಜನರಿಗೆ ಏಕೆ ಬೇಕಾಯಿತು, ಯಾರು ಅದನ್ನು ಸೇರಿಸಿ ಉಳಿಸಿಕೊಂಡರು ಎಂಬುದನ್ನು ಪಾಠಪರಿಷ್ಕರಣೆ ಹೇಳಲಾರದು. ಗ್ರಂಥದೊಳಗಿನ ಧರ್ಮ ಸ್ಪಷ್ಟವಾದಷ್ಟೂ ಆಚರಣೆಯ ಧರ್ಮ ದೂರವೇ ಉಳಿಯಿತು.

ಸ್ವಾತಂತ್ರ್ಯಾನಂತರ ಇಬ್ಬರು ಈ ದೂರವನ್ನು ಕಾಲ್ನಡಿಗೆಯಲ್ಲೇ ದಾಟಿದರು. ಡೆಕ್ಕನ್ ಕಾಲೇಜಿನ ಮಾನವಶಾಸ್ತ್ರಜ್ಞೆ ಇರಾವತಿ ಕರ್ವೆ ಯಾತ್ರಿಕರ ದಿಂಡಿಯೊಂದರ ಜೊತೆ ಪಂಢರಪುರಕ್ಕೆ ನಡೆದು ಆ ಅನುಭವವನ್ನು ಬರೆದರು. ಪಂಢರಪುರಕ್ಕೆ ಯಾತ್ರೆ ಹೋಗುವ ಜನರ ನಾಡೇ ಮಹಾರಾಷ್ಟ್ರ ಎಂದು ಹೇಳಿದ ಅವರೇ, ಒಂದೇ ಅಭಂಗ ಹಾಡುತ್ತಾ ನಡೆದವರು ಊಟಕ್ಕೆ ಮಾತ್ರ ಜಾತಿವಾರು ಬೇರೆ ಕೂರುವುದನ್ನೂ ನೋವಿನಿಂದ ದಾಖಲಿಸಿದರು. ಗಣಿತಜ್ಞ ದಾಮೋದರ ಧರ್ಮಾನಂದ ಕೋಸಂಬಿ ಪುಣೆಯ ಸುತ್ತಣ ಗುಡ್ಡಗಳಲ್ಲಿ ಅಲೆದು, ಸಿಂಧೂರ ಬಳಿದ ಗ್ರಾಮದೇವತೆಗಳ ಕಲ್ಲುಗಳ ಬಳಿ ಸೂಕ್ಷ್ಮಶಿಲಾಯುಧಗಳನ್ನು ಹುಡುಕಿದರು. ದೇವತೆಯ ನೆಲೆ, ದನಗಾಹಿಗಳ ಹಾದಿ ಮತ್ತು ಹಳೆಯ ವ್ಯಾಪಾರಮಾರ್ಗ ಕೂಡುವ ಜಾಗಗಳನ್ನು ಅವರು 1962ರ ‘ಮಿತ್ ಅಂಡ್ ರಿಯಾಲಿಟಿ’ ಸಂಕಲನದಲ್ಲಿ ತೋರಿಸಿದರು. ಓದುಬರಹವಿಲ್ಲದವರ ಪೂಜೆಗೂ ಇತಿಹಾಸವಿದೆ, ಅದಕ್ಕೆ ನೆಲವೇ ಸಾಕ್ಷಿ ಎಂಬುದು ಇದರಿಂದ ಸಿದ್ಧವಾಯಿತು. ಆರಾಧನೆಯನ್ನು ಉತ್ಪಾದನಾ ವ್ಯವಸ್ಥೆಯ ಉಳಿಕೆಯಾಗಿ ಕಂಡ ಕೋಸಂಬಿಯವರು ಭಕ್ತರ ಸ್ವಂತ ವಿವರಣೆಗೆ ಕೊಟ್ಟ ಜಾಗ ಮಾತ್ರ ಕಡಿಮೆ.

ಆ ವಿವರಣೆಗೆ ಕಿವಿಗೊಟ್ಟವರು ಜರ್ಮನ್ ವಿದ್ವಾಂಸ ಗುಂಥರ್ ಸೋಂಥೈಮರ್. ಪುಣೆಯಲ್ಲಿ ಕಾನೂನು ಓದಿ, ಹೈಡಲ್‌ಬರ್ಗಿನಲ್ಲಿ ಕಲಿಸಿದ ಅವರು ಕುರಿಗಾಹಿ ಧನಗರರ ಓವಿ ಹಾಡುಗಳನ್ನು ಸಂಗ್ರಹಿಸಿ ಬಿರೋಬಾ, ಮ್ಹಸ್ಕೋಬಾ, ಖಂಡೋಬಾಗಳ ಮೇಲೆ 1976ರಲ್ಲಿ ಪುಸ್ತಕ ಪ್ರಕಟಿಸಿದರು. ಜೇಜುರಿಯ ಖಂಡೋಬಾನಿಗೆ ಇಬ್ಬರು ಹೆಂಡಿರು: ವ್ಯಾಪಾರಿ ಲಿಂಗಾಯತ ಕುಲದ ಮ್ಹಾಳಸಾ, ಕುರಿಗಾಹಿ ಕುಲದ ಬಾಣಾಯಿ. ನೆಲೆನಿಂತ ಪೇಟೆ ಮತ್ತು ಅಲೆಯುವ ಹಟ್ಟಿ ಒಂದೇ ದೇವರ ಸಂಸಾರದಲ್ಲಿ ಹೇಗೆ ಕೂಡಿವೆ ಎಂಬುದನ್ನು ಅವರು ಈ ಮದುವೆಗಳ ಮೂಲಕ ಬಿಡಿಸಿ ತೋರಿಸಿದರು. ಇದೇ ದೇವರು ಹೂವಿನಹಡಗಲಿ ತಾಲ್ಲೂಕಿನ ಮೈಲಾರದಲ್ಲಿ ಮೈಲಾರಲಿಂಗ. ಅಲ್ಲಿಯೂ ಗಂಗಿಮಾಳವ್ವನ ಜೊತೆಗೆ ಕುರುಬ ಕುಲದ ಇನ್ನೊಬ್ಬ ಹೆಂಡತಿಯಿದ್ದಾಳೆ. ಜೇಜುರಿಯ ವಾಘ್ಯಾ ಭಕ್ತರ ಜಾಗದಲ್ಲಿ ಕಂಬಳಿ ಹೊದ್ದ ಗೊರವರಿದ್ದಾರೆ. ಅರಿಶಿನದ ಭಂಡಾರ ಎರಡೂ ಕಡೆ ಹಾರುತ್ತದೆ, ‘ಏಳುಕೋಟಿ’ಯ ಘೋಷ ಎರಡೂ ಕಡೆ ಏಳುತ್ತದೆ.

ಪುಣೆ ಪರಂಪರೆಯ ಈ ಎಳೆಗಳು ಕೂಡಿದ್ದು ರಾಮಚಂದ್ರ ಚಿಂತಾಮಣ ಢೇರೆ (1930–2016) ಅವರಲ್ಲಿ. 1984ರ ‘ಶ್ರೀವಿಠ್ಠಲ: ಏಕ್ ಮಹಾಸಮನ್ವಯ’ಕ್ಕೆ 1987ರಲ್ಲಿ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂತು. ಪಂಢರಪುರದ ವಿಠ್ಠಲ ಮೊದಲು ಗವಳಿ-ಧನಗರರ ದೇವರಾಗಿದ್ದು, ಕ್ರಮೇಣ ವಿಷ್ಣುವಾಗಿ ಬೆಳೆದ ಎಂಬುದು ಅದರ ತಿರುಳು. ಕೊಲ್ಹಾಪುರ ಜಿಲ್ಲೆಯ ಪಟ್ಟಣಕೊಡೋಲಿಯಲ್ಲಿ ವಿಠ್ಠಲ ಮತ್ತು ಧನಗರರ ದೈವ ಬಿರದೇವರ ಜೋಡಿ ಇಂದಿಗೂ ಉಳಿದಿರುವುದು ಅವರ ಮುಖ್ಯ ಆಧಾರ. ತಿರುಪತಿಯ ವೆಂಕಟೇಶನೊಂದಿಗಿನ ಹೋಲಿಕೆ ಇನ್ನೊಂದು: ಅಲ್ಲಿ ಲಕ್ಷ್ಮಿ ಮುನಿದು ಕೊಲ್ಹಾಪುರಕ್ಕೆ ಹೋದಳು, ಇಲ್ಲಿ ರುಕ್ಮಿಣಿ ಮುನಿದು ಪಂಢರಪುರದ ದಿಂಡೀರವನಕ್ಕೆ ಬಂದಳು. ಪಾಂಡುರಂಗ ಮಾಹಾತ್ಮ್ಯದ ವರ್ಣನೆಯಂತೆ ವಿಠ್ಠಲನ ಮೂಲಮೂರ್ತಿಯ ಎದೆಯ ಮೇಲೆ ಮಂತ್ರಾಕ್ಷರಗಳಿರಬೇಕು. ಅಂಥ ಮೂರ್ತಿ ಇರುವುದು ಸೊಲ್ಲಾಪುರ ಜಿಲ್ಲೆಯ ಮಾಢೆಯಲ್ಲಿ ಎಂದು ಢೇರೆ ಹೇಳಿದಾಗ ದೊಡ್ಡ ವಿವಾದವೇ ಎದ್ದಿತು. ಅಮೆರಿಕದ ಧರ್ಮೇತಿಹಾಸಜ್ಞೆ ಆ್ಯನ್ ಫೆಲ್ಡ್‌ಹೌಸ್ 2011ರಲ್ಲಿ ಈ ಗ್ರಂಥವನ್ನು ಇಂಗ್ಲಿಷಿಗೆ ತಂದ ಮೇಲೆ ಅದಕ್ಕೆ ಹೊರಗಿನ ಓದುಗರೂ ಸಿಕ್ಕರು.

ವಿಠ್ಠಲನಿಗೆ ಕನ್ನಡ ನಾಡಿನ ನಂಟಿದೆ ಎಂಬ ಢೇರೆಯವರ ಮಾತಿಗೆ ಕನ್ನಡದ ಸಾಕ್ಷ್ಯ ಬಲ ಕೊಡುತ್ತದೆ. ಪಂಢರಪುರದ ಗುಡಿಯ ತೊಲೆಯ ಮೇಲಿನ 1237ರ ಶಾಸನ ಹೊಯ್ಸಳ ಸೋಮೇಶ್ವರನ ದತ್ತಿಯನ್ನು ಸಂಸ್ಕೃತ ಮತ್ತು ಕನ್ನಡದಲ್ಲಿ ಹೇಳುತ್ತದೆ. ಜ್ಞಾನೇಶ್ವರರ ಹೆಸರಿನ ಅಭಂಗವೊಂದು ವಿಠ್ಠಲನನ್ನು ಕರ್ನಾಟಕದವನೆಂದೇ ಕರೆಯುತ್ತದೆ. ಧಾರವಾಡದಲ್ಲಿದ್ದ ಸಂಶೋಧಕ ಶಂಬಾ ಜೋಶಿಯವರು ಮರಾಠಿಯಲ್ಲೇ ‘ಮರ್‍ಹಾಟೀ ಸಂಸ್ಕೃತಿ’ ಬರೆದು, ಆ ಸಂಸ್ಕೃತಿಯ ತಳದಲ್ಲಿ ಕನ್ನಡದ ಪಶುಪಾಲಕ ಹಟ್ಟಿಕಾರರಿದ್ದಾರೆ ಎಂದು ವಾದಿಸಿದ್ದರು. ಅವರ ನಿರುಕ್ತಿಗಳು ಎಲ್ಲ ಕಡೆ ನಿಲ್ಲಲಾರವು. ಆದರೂ ದೇವರ ಚರಿತ್ರೆಯನ್ನು ಭಾಷಾವಾರು ಗಡಿಯೊಳಗೆ ಬರೆಯಲಾಗದು ಎಂಬ ಅವರ ನೆಲೆ ಸರಿಯಾದದ್ದೇ.

ಈ ಪರಂಪರೆಯ ದೊಡ್ಡ ದೌರ್ಬಲ್ಯ ಮೂಲದ ಮೋಹ. ವಿಠ್ಠಲ ಹಿಂದೆ ಯಾರಾಗಿದ್ದ ಎಂಬುದನ್ನು ಕಂಡುಹಿಡಿದರೆ ಅವನು ಪಂಢರಪುರದ ಯಾತ್ರಿಕರಾದ ವಾರಕರಿಗಳಿಗೆ ಇಂದು ಏನು ಎಂಬುದು ತಾನಾಗಿ ತಿಳಿಯುವುದಿಲ್ಲ. ‘ಮಹಾಸಮನ್ವಯ’ವೆಂಬ ಕಲ್ಪನೆಯೂ ಘರ್ಷಣೆಯನ್ನು ಹಿಂದಕ್ಕೆ ಸರಿಸುತ್ತದೆ. ಕುರಿಗಾಹಿಯ ದೇವರು ವಿಷ್ಣುವಾದಾಗ ಗುಡಿಯ ಗರ್ಭಗೃಹ ಯಾರ ಕೈಸೇರಿತು? ದಲಿತ ಸಂತ ಚೋಖಾಮೇಳನ ಸಮಾಧಿ ಪಂಢರಪುರದ ಗುಡಿಯ ಮಹಾದ್ವಾರದ ಹೊರಗಿದೆ. ದಲಿತರಿಗೆ ಆ ಬಾಗಿಲು ತೆರೆದದ್ದು 1947ರಲ್ಲಿ, ಸ್ವಾತಂತ್ರ್ಯ ಹೋರಾಟಗಾರ ಸಾನೆ ಗುರೂಜಿಯವರ ಉಪವಾಸದ ನಂತರ. ಏಳು ಶತಮಾನಗಳ ಭಕ್ತಿಪರಂಪರೆಗೆ ಸಮನ್ವಯದ ಜೊತೆಗೆ ಈ ಹೊರಗಿಡುವಿಕೆಯೂ ಅಷ್ಟೇ ನಿಜ. ಇಲ್ಲಿಯೇ ಫುಲೆ ಮತ್ತೆ ಬೇಕಾಗುತ್ತಾರೆ. ಅವರ ಶಬ್ದವ್ಯುತ್ಪತ್ತಿಗಳನ್ನು ಒಪ್ಪಬೇಕಿಲ್ಲ. ಅಧಿಕಾರದ ಬಗ್ಗೆ ಅವರು ಎತ್ತಿದ ಪ್ರಶ್ನೆಯನ್ನು ಬಿಡುವಂತಿಲ್ಲ.

ಧರ್ಮೇತಿಹಾಸದ ಕೆಲಸಕ್ಕೆ ಬೇಕಾದ ಮುಕ್ತ ವಾತಾವರಣವೂ ಸುಲಭವಾಗಿ ಸಿಕ್ಕಿಲ್ಲ. ಅಮೆರಿಕದ ಜೇಮ್ಸ್ ಲೇನ್ ಶಿವಾಜಿಯ ಮೇಲೆ ಬರೆದ ಪುಸ್ತಕದ ನೆಪದಲ್ಲಿ 2004ರ ಜನವರಿಯಲ್ಲಿ ಗುಂಪೊಂದು ಭಾಂಡಾರಕರ ಮಂದಿರಕ್ಕೆ ನುಗ್ಗಿ ಗ್ರಂಥಸಂಗ್ರಹಕ್ಕೆ ಹಾನಿ ಮಾಡಿತು. ಆದರೂ ಪುಣೆಯ ವಿದ್ವಾಂಸರು ನಾಲ್ಕು ತಲೆಮಾರುಗಳಲ್ಲಿ ಗ್ರಂಥ, ಶಾಸನ, ನೆಲ ಮತ್ತು ಓವಿ ಎಂಬ ನಾಲ್ಕು ಆಕರಗಳನ್ನು ಒಂದಕ್ಕೊಂದು ಒರೆಹಚ್ಚುವುದನ್ನು ಕಲಿಸಿದ್ದಾರೆ. ದಖ್ಖನಿನ ಧರ್ಮವನ್ನು ಬರೆಯುವ ಯಾರೂ ಇದನ್ನು ದಾಟಿ ಹೋಗಲಾರರು. ಮರಾಠಿ ಮತ್ತು ಕನ್ನಡದ ಆಕರಗಳನ್ನು ಒಟ್ಟಿಗೆ ಓದಬಲ್ಲವರು ಗೊರವರ, ಕುರುಬರ, ದಲಿತ ಭಕ್ತರ ಮಾತನ್ನು ಶಾಸನದಷ್ಟೇ ತೂಕದ ಸಾಕ್ಷ್ಯವಾಗಿ ಸ್ವೀಕರಿಸಿದರೆ ಭಾಂಡಾರಕರರ ವಿಧಾನಕ್ಕೂ ಫುಲೆಯವರ ಪ್ರಶ್ನೆಗೂ ನಡುವೆ ಉಳಿದಿರುವ ಬಿರುಕು ಮುಚ್ಚಬಲ್ಲದು.