ಕಲ್ಪಿತ ಲೋಕಕ್ಕೊಂದು ಪಂಚಾಂಗ

ಕಥೆಗಾರನು ತನ್ನ ಕಥೆಗೆ ಬೇಕಾದ ಊರನ್ನು ಕಟ್ಟಬಹುದು, ಆ ಊರಿಗೊಂದು ಹೊಳೆಯನ್ನು ಹರಿಸಬಹುದು. ಆದರೆ ಆ ಊರಿನ ಜನ ವರ್ಷದ ಅಧಿಕ ದಿನವನ್ನು ಎಲ್ಲಿ ಸೇರಿಸುತ್ತಾರೆಂಬುದನ್ನೂ ಲೆಕ್ಕ ಹಾಕಿ ಇಡುವ ಅಗತ್ಯವುಂಟೆ? ಆಕ್ಸ್‌ಫರ್ಡಿನಲ್ಲಿ ಪ್ರಾಧ್ಯಾಪಕರಾಗಿದ್ದ ಜೆ. ಆರ್. ಆರ್. ಟೋಲ್ಕೀನರು ಉಂಟೆಂದೇ ನಂಬಿದ್ದರು. 1954–55ರಲ್ಲಿ ಮೂರು ಸಂಪುಟಗಳಾಗಿ ಹೊರಬಂದ ಅವರ ‘ದಿ ಲಾರ್ಡ್ ಆಫ್ ದಿ ರಿಂಗ್ಸ್’ ಕಾದಂಬರಿಯ ಕೊನೆಗೆ ಕಾಲಗಣನೆಗೆಂದೇ ಒಂದು ಅನುಬಂಧವಿದೆ. ಅದನ್ನು ತೆರೆಯದೆ ಪುಸ್ತಕವನ್ನು ಮುಚ್ಚಿಡುವ ವಾಚಕರಿಗೆ ನಷ್ಟವೇನಾದರೂ ಉಂಟೆ ಎಂಬುದು ವಿಚಾರಮಾಡತಕ್ಕ ವಿಷಯ.

ಕಾದಂಬರಿಯ ಹಾಬಿಟ್ಟರು ಕುಳ್ಳಗಿನ, ಊಟೋಪಚಾರಪ್ರಿಯರಾದ ಒಕ್ಕಲು ಜನ. ಅವರ ನಾಡು ಷೈರ್. ಅವರ ವರ್ಷಕ್ಕೆ ತಲಾ 30 ದಿನಗಳ 12 ತಿಂಗಳು. ಮಿಕ್ಕ 5 ದಿನಗಳು ಯಾವ ತಿಂಗಳಿಗೂ ಸೇರವು: ವರ್ಷದ ಸಂಧಿಯಲ್ಲಿ ಎರಡು, ನಡುಬೇಸಗೆಯಲ್ಲಿ ಮೂರು. ಅಧಿಕ ವರ್ಷದಲ್ಲಿ ನಡುಬೇಸಗೆಗೇ ಇನ್ನೊಂದು ದಿನ ಕೂಡುತ್ತದೆ. ವರ್ಷದ ನಟ್ಟನಡುವಿನ ದಿನಕ್ಕೂ ಈ ಅಧಿಕ ದಿನಕ್ಕೂ ವಾರದ ಹೆಸರಿಲ್ಲ. ಆದುದರಿಂದ ಉಳಿದ 364 ದಿನಗಳು ಸರಿಯಾಗಿ 52 ವಾರಗಳಾಗಿ, ಪ್ರತಿ ವರ್ಷವೂ ಶನಿವಾರ ಮೊದಲಾಗಿ ಶುಕ್ರವಾರ ಮುಗಿಯುತ್ತದೆ. ಒಮ್ಮೆ ಅಚ್ಚು ಹಾಕಿಸಿದರೆ ಮೊಮ್ಮಕ್ಕಳ ಕಾಲಕ್ಕೂ ಸಾಕು! ತಿಥಿ, ನಕ್ಷತ್ರ, ಯೋಗ, ಕರಣಗಳ ಗೊಡವೆಯಿಲ್ಲದೆ ವಾರವೊಂದನ್ನೇ ಉಳಿಸಿಕೊಂಡ ಇದನ್ನು ಪಂಚಾಂಗವೆನ್ನುವುದಕ್ಕಿಂತ ಏಕಾಂಗವೆನ್ನುವುದೇ ಮೇಲು.

ಜಾಣತನದ ಲೆಕ್ಕ, ನಿಜ. ಆದರೆ ಇಲ್ಲಿಯೇ ನಮ್ಮ ಆಕ್ಷೇಪಣೆಯೂ ಇದೆ. ವಾರವಿಲ್ಲದ ದಿನವೆಂಬುದು ಟೋಲ್ಕೀನರ ಕಾಲದಲ್ಲಿ ಬರಿಯ ಕಲ್ಪನೆಯಾಗಿರಲಿಲ್ಲ. ಅಂಥದೇ ದಿನವನ್ನು ಒಳಗೊಂಡ ‘ವಿಶ್ವ ಪಂಚಾಂಗ’ದ ಪರವಾಗಿ 1930ರಿಂದ ಎಲಿಜಬೆತ್ ಅಕೆಲಿಸ್ ಎಂಬಾಕೆ ಚಳವಳಿ ನಡೆಸಿದ್ದರು. 1953ರಲ್ಲಿ ಭಾರತ ಸರ್ಕಾರವೇ ಅದನ್ನು ವಿಶ್ವಸಂಸ್ಥೆಯ ಮುಂದಿಟ್ಟಿತು. ವಿಜ್ಞಾನಿ ಮೇಘನಾದ ಸಾಹಾ ಅದಕ್ಕಾಗಿ ವಾದಿಸಿದರು. ಏಳು ದಿನಕ್ಕೊಮ್ಮೆ ತಪ್ಪದೆ ಬರುವ ವಿಶ್ರಾಂತಿದಿನದ ಸರಣಿ ಕಡಿದುಹೋಗುವುದೆಂದು ಯೆಹೂದ್ಯರೂ ಕೆಲವು ಕ್ರೈಸ್ತ ಪಂಥದವರೂ ಪ್ರತಿಭಟಿಸಿದರು. 1955ರಲ್ಲಿ ಅಮೆರಿಕ ಒಲ್ಲೆನೆಂದಿತು; ಯೋಜನೆ ಮೂಲೆಗೆ ಬಿತ್ತು. ಷೈರಿನಲ್ಲಾದರೋ ಅದೇ ಸುಧಾರಣೆ ಸದ್ದಿಲ್ಲದೆ ಜಾರಿಗೆ ಬರುತ್ತದೆ. ಕಾಲಕ್ರಮದಲ್ಲಿ ನೆರೆಯ ಬ್ರೀ ಸೀಮೆಯೂ ಒಪ್ಪುತ್ತದೆ. ಜಗಳವಿಲ್ಲದೆ ಬದಲಾಗುವ ಪಂಚಾಂಗ ಕಾಗದದ ಮೇಲಿನ ಪಂಚಾಂಗ. ಜನರ ನಡುವೆ ಅದು ಇನ್ನೂ ಇಳಿದಿಲ್ಲವೆಂದೇ ಹೇಳಬೇಕು.

ಹಾಗೆಂದು ಅಷ್ಟೂ ವ್ಯರ್ಥವೆನ್ನಲಾಗದು. ತಮ್ಮ ಕಥೆಯಲ್ಲಿ ಚಂದ್ರನು ಒಂದೆಡೆ ಮೂಡುವಾಗಲೇ ಇನ್ನೊಂದೆಡೆ ಮುಳುಗುತ್ತಿದ್ದಾನೆಂದು ಕಂಡು ಟೋಲ್ಕೀನರು ಹಿಂದಿನ ಅಧ್ಯಾಯಗಳನ್ನು ತಿದ್ದಬೇಕಾಯಿತು. 1944ರಲ್ಲಿ ಮಗನಿಗೆ ಬರೆದ ಪತ್ರದಲ್ಲಿ ಈ ಪಾಡನ್ನು ಹೇಳಿಕೊಂಡಿದ್ದಾರೆ. ಆ ಶ್ರಮದ ಫಲ ಕಥೆಯಲ್ಲಿ ಕಾಣುತ್ತದೆ. ಲೋರಿಯನ್ ಎಂಬ ಮಾಯಾವನದಿಂದ ಹೊರಬಂದ ತೋಟಗಾರ ಸ್ಯಾಮ್, ನದಿಯ ಮೇಲೆ ಎಳೆಯ ಚಂದ್ರನನ್ನು ನೋಡಿ, ವನದಲ್ಲಿ ಕಳೆದ ದಿನಗಳ ಲೆಕ್ಕ ಕೂಡಿಬಾರದೆ ತಬ್ಬಿಬ್ಬಾಗುತ್ತಾನೆ. ಲೆಕ್ಕ ಖಚಿತವಾಗಿರುವುದರಿಂದಲೇ ಅದು ತಪ್ಪಿದಾಗ ನಮಗೂ ಮೈ ಜುಮ್ಮೆನ್ನುತ್ತದೆ.

ಇದಕ್ಕಿಂತ ಸೊಗಸಾದುದು ಅನುಬಂಧದಲ್ಲಿಯೇ ಇದೆ. ದುಷ್ಟ ಉಂಗುರ ನಾಶವಾದ ದಿನ ಮಾರ್ಚ್ 25. ಗಾಂಡಾರ್ ರಾಜ್ಯ ಅದನ್ನೇ ಹೊಸ ವರ್ಷದ ಮೊದಲ ದಿನವೆಂದು ಸಾರಿತು. (ಇಂಗ್ಲೆಂಡಿನಲ್ಲಿಯೂ 1751ರವರೆಗೆ ಶಾಸನದ ವರ್ಷ ಆ ದಿನವೇ ಮೊದಲಾಗುತ್ತಿತ್ತು.) ಷೈರ್ ಮಾತ್ರ ಅದನ್ನು ಲಕ್ಷಿಸಲಿಲ್ಲ. ಆದರೆ ಅದರ ಪಡುವಣ ಭಾಗದಲ್ಲಿ ಏಪ್ರಿಲ್ 6ರಂದು ಬಯಲಲ್ಲಿ ಕುಣಿಯುವ ರೂಢಿ ಬೆಳೆಯಿತು. ಏಕೆಂದು ಕೇಳಿದರೆ, ಮುದುಕ ಸ್ಯಾಮನ ಹುಟ್ಟುಹಬ್ಬವೆಂದು ಕೆಲವರು, ಹೊನ್ನಿನ ಮರ ಮೊದಲು ಹೂಬಿಟ್ಟ ದಿನವೆಂದು ಕೆಲವರು, ಎಲ್ಫರ ಹೊಸ ವರ್ಷವೆಂದು ಇನ್ನು ಕೆಲವರು. ಲೇಖಕರು ತೀರ್ಪು ಕೊಡುವುದಿಲ್ಲ.

ಮೂವತ್ತು ದಿನಗಳ ಹನ್ನೆರಡು ತಿಂಗಳು ಸಾಧಿಸದುದನ್ನು ಈ ಒಂದು ಹಬ್ಬ ಸಾಧಿಸಿದೆ. ಕಾರಣ ಮಸುಕಾದರೂ ಜನ ಕುಣಿಯುತ್ತಾರೆ. ಕೇಳಿದವರಿಗೆ ತಲೆಗೊಂದು ಕಾರಣ ಹೇಳುತ್ತಾರೆ. ಲೋಕದಲ್ಲಿ ಹಬ್ಬಗಳು ಬಾಳುವುದು ಹೀಗೆಯೇ. ಕಲ್ಪಿತ ಲೋಕಗಳಿಗೆ ಪಂಚಾಂಗ ಬರೆಯಹೊರಡುವವರು ಟೋಲ್ಕೀನರ ಕೋಷ್ಟಕಗಳನ್ನು ಅನುಕರಿಸದಿದ್ದರೂ ಚಿಂತೆಯಿಲ್ಲ, ಈ ಏಪ್ರಿಲ್ 6ನ್ನು ಮರೆಯಬಾರದು. ಅನುಬಂಧವನ್ನು ಬಿಟ್ಟ ವಾಚಕರೂ ಇದೊಂದಕ್ಕಾಗಿ ಪುಸ್ತಕವನ್ನು ಮತ್ತೆ ತೆರೆಯಬಹುದು.