ಕತ್ತರಿ ತಡೆದ ಕೈ: ಮೋನಿಕಾ ವಿಲ್ಲಿ ಅವರ ಚಿತ್ರ ಸಂಕಲನ

ಸಿನಿಮಾ ನೋಡಿ ಬಂದ ಮೇಲೆ ನಟರನ್ನು, ನಿರ್ದೇಶಕರನ್ನು ಹೊಗಳುತ್ತೇವೆ; ಸಂಕಲನ ಯಾರದೆಂದು ಕೇಳುವವರು ಕಡಿಮೆ. 1968ರಲ್ಲಿ ಆಸ್ಟ್ರಿಯದ ಇನ್ಸ್‌ಬ್ರುಕ್‌ನಲ್ಲಿ ಹುಟ್ಟಿದ ಮೋನಿಕಾ ವಿಲ್ಲಿ ಅವರನ್ನು ನಾನೂ ತಡವಾಗಿಯೇ ಗುರುತಿಸಿದೆ. ಮಿಖಾಯೆಲ್ ಹಾನೆಕೆ ನಿರ್ದೇಶಿಸಿದ 'ದಾಸ್ ವೈಸೆ ಬಾಂಟ್' (2009) ಚಿತ್ರವನ್ನು ಅವರು ಒಬ್ಬರೇ ಸಂಕಲಿಸಿದರು; 'ಅಮೂರ್' (2012) ಚಿತ್ರವನ್ನು ನಾದಿನ್ ಮ್ಯೂಸ್ ಅವರೊಡನೆ. ಎರಡಕ್ಕೂ ಕಾನ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿ ಬಂತು. 'ಟಾರ್' (2022) ಚಿತ್ರದ ಸಂಕಲನಕ್ಕೆ ಅವರ ಹೆಸರು ಆಸ್ಕರ್‌ಗೆ ನಾಮನಿರ್ದೇಶನವಾಯಿತು.

ಎಲ್ಲಿ ಕತ್ತರಿಸಬಾರದು ಎಂಬುದನ್ನು ಬಲ್ಲವರು ವಿಲ್ಲಿ. 'ದಾಸ್ ವೈಸೆ ಬಾಂಟ್'ನಲ್ಲಿ ಪಾದ್ರಿ ತನ್ನ ಮಕ್ಕಳಿಗೆ ಬೆತ್ತದೇಟು ಕೊಡುವ ದೃಶ್ಯವಿದೆ. ಹುಡುಗ ತಾನೇ ಹೋಗಿ ಬೆತ್ತ ತರುತ್ತಾನೆ, ಬಾಗಿಲು ಮುಚ್ಚುತ್ತದೆ, ನಾವು ಹೊರಗೇ ಉಳಿಯುತ್ತೇವೆ. ಕೇಳುವುದು ಕೂಗು ಮಾತ್ರ. ಹಾಗೆ ಚಿತ್ರಿಸಿದ್ದು ನಿರ್ದೇಶಕರು. ಆದರೆ ಆ ಕಾಯುವಿಕೆಯನ್ನು ಮೊಟಕುಗೊಳಿಸದೆ ಉಳಿಸಿದ್ದು ಸಂಕಲನದ ಮೇಜು.

ಅವರ ನಿಜವಾದ ಪರೀಕ್ಷೆ ನಡೆದದ್ದು 'ಅನ್‌ಟೈಟಲ್ಡ್' (2017) ಚಿತ್ರದಲ್ಲಿ. ವಿಲ್ಲಿ ಜೊತೆ ಹಿಂದೆಯೂ ಕೆಲಸ ಮಾಡಿದ್ದ ಮಿಖಾಯೆಲ್ ಗ್ಲಾವೊಗರ್, ಗೊತ್ತಾದ ವಿಷಯವಿಲ್ಲದೆ ಊರೂರು ಸುತ್ತಿ ಕಂಡದ್ದನ್ನು ಚಿತ್ರಿಸಲು 2013ರ ಡಿಸೆಂಬರ್‌ನಲ್ಲಿ ಹೊರಟರು. 2014ರ ಏಪ್ರಿಲ್‌ನಲ್ಲಿ ಲೈಬೀರಿಯದಲ್ಲಿ ಮಲೇರಿಯಾದಿಂದ ತೀರಿಕೊಂಡರು. ಹುಬ್ಬಳ್ಳಿಯಲ್ಲಿ ಎಂಬಿಬಿಎಸ್ ಓದುವಾಗ ಆ ರೋಗಾಣುವನ್ನು ಸ್ಲೈಡಿನಲ್ಲಿ ಎಷ್ಟೋ ಸಲ ಕಂಡವನು ನಾನು. ಬೇಗ ಗುರುತಿಸಿದರೆ ಗುಣವಾಗುವ ಕಾಯಿಲೆ ಅದು. ಹಾಗಾಗಿ ಈ ಸಾವು ನನ್ನನ್ನು ಹೆಚ್ಚು ಕಾಡಿತು.

ಉಳಿದ ದೃಶ್ಯಗಳನ್ನು ವಿಲ್ಲಿ ಶ್ರದ್ಧಾಂಜಲಿಯಾಗಿ ಮಾಡಲಿಲ್ಲ. ಗ್ಲಾವೊಗರ್ ಬಯಸಿದಂತೆ ಕತೆಯಿಲ್ಲದೆಯೇ ಬಿಟ್ಟು, ಅವರು ಬರೆದಿಟ್ಟದ್ದನ್ನು ಒಂದು ಹೆಣ್ಣುದನಿಯಲ್ಲಿ ಓದಿಸಿದರು. ನನ್ನ ತಕರಾರು ಒಂದೇ: ಊರುಗಳ ಗುರುತು ಸಿಗುವುದಿಲ್ಲ. ಸಿಯೆರಾ ಲಿಯೋನ್‌ನಲ್ಲಿ ಕಾಲು ಕಳೆದುಕೊಂಡವರು ಊರುಗೋಲಿನ ಮೇಲೆ ಫುಟ್‌ಬಾಲ್ ಆಡುತ್ತಾರೆ. ಆ ದೇಶದ ಅಂತರ್ಯುದ್ಧದ ಬಗ್ಗೆ ಒಂದು ಮಾತಾದರೂ ಬೇಕಿತ್ತು. ರೋಗಿಯ ಹಿನ್ನೆಲೆ ಕೇಳದೆ ನನಗೆ ಅಭ್ಯಾಸವಿಲ್ಲ. ಆದರೆ ಹಿನ್ನೆಲೆ ಹೇಳಿದ್ದರೆ ನಾನು ಗಾಯಗಳನ್ನೇ ನೋಡುತ್ತಿದ್ದೆನೇನೋ. ಈಗ ನೋಡಿದ್ದು ಅವರ ಆಟವನ್ನು.

ನಮ್ಮ ಸಂಘದ ಮನೆಗಳಲ್ಲಿ ದೊಡ್ಡ ಮಕ್ಕಳೊಡನೆ ಕೂತು ಈ ಚಿತ್ರಗಳನ್ನು ನೋಡಿ. ಕೊನೆಯಲ್ಲಿ ಹೆಸರುಗಳು ಬರುವಾಗ ಎದ್ದು ಹೋಗಬೇಡಿ. ಸಂಕಲನ ಯಾರದೆಂದು ಓದಿ.