ಮುಷ್ಕರವನ್ನು ಮತ್ತೆ ಆಡಿದವರು

ನಟಿಯೊಬ್ಬಳು ಹರಿದ ಸೀರೆ ಉಟ್ಟು ಕೂಲಿ ಹೆಂಗಸಾಗಿ ಅತ್ತರೆ ನಮ್ಮ ವಿಮರ್ಶಕರು 'ಕಠಿಣವಾದ ಸಾಮಾಜಿಕ ವಸ್ತು' ಎಂದು ಬರೆಯುತ್ತಾರೆ. ಯಾರಿಗೆ ಕಠಿಣ? ನೋಡುವವರಿಗೋ, ಬದುಕುವವರಿಗೋ? ಈ ಪ್ರಶ್ನೆಯನ್ನು ನಾವು ನಿಪ್ಪಾಣಿಯಲ್ಲಿ ನಿಂತು ಕೇಳಬೇಕಾಗಿದೆ.

ಯಾಕೆಂದರೆ 1982ರಲ್ಲಿ ಈ ನೆಲದ ಮೇಲೆ ಒಂದು ಚಿತ್ರ ಬಂತು: 'ತಂಬಾಕು ಚಾಕಿಲಾ ಊಬ್ ಆಲಿ'. ಮಾಡಿದವರು ಯುಗಾಂತರ್ ಎಂಬ ಸ್ತ್ರೀವಾದಿ ತಂಡ. ನಿರ್ದೇಶನ ದೀಪಾ ಧನರಾಜ್, ಕ್ಯಾಮೆರಾ ನವ್ರೋಜ್ ಕಾಂಟ್ರಾಕ್ಟರ್. ಬರೇ 25 ನಿಮಿಷ. ತಂಡದವರು ತಂಬಾಕು ಕಾರ್ಖಾನೆಯ ಹೆಣ್ಣಾಳುಗಳ ಜೊತೆ ನಾಲ್ಕು ತಿಂಗಳು ಇದ್ದು, ಅವರ ಮಾತು ಕೇಳಿ, ಅವರು ತೋರಿಸಿದ ದಾರಿಯಲ್ಲೇ ಚಿತ್ರ ಕಟ್ಟಿದರು. ಕಾರ್ಖಾನೆಯ ಒಳಗಿನ ದುಡಿಮೆ ಕ್ಯಾಮೆರಾಕ್ಕೆ ಸಿಕ್ಕಿತು. ಆದರೆ ಮುಷ್ಕರ ನಡೆದಾಗ ಯಾವ ಕ್ಯಾಮೆರಾವೂ ಅಲ್ಲಿರಲಿಲ್ಲ. ಆಗ ಆ ಹೆಂಗಸರೇ ತಮ್ಮ ಮುಷ್ಕರವನ್ನು ಮತ್ತೊಮ್ಮೆ ಆಡಿ ತೋರಿಸಿದರು.

ಈ ಚಿತ್ರದ ಜೀವ ಇರೋದು ಇಲ್ಲೇ. ಇದನ್ನು ಅಭಿನಯ ಅನ್ನೋಣವೇ? ಅನ್ನೋಣ. ತಮ್ಮದೇ ಧೈರ್ಯವನ್ನು ಎರಡನೇ ಸಲ ಮೈಗೆ ತಂದುಕೊಂಡ ಅಭಿನಯ. ಅಳುವ ನಟಿಯ ಮುಂದೆ ಕಣ್ಣೊರೆಸಿಕೊಂಡು ಮನೆಗೆ ಹೋಗಬಹುದು. ಒಟ್ಟಾಗಿ ನಿಂತ ಈ ಹೆಂಗಸರ ಮುಂದೆ ಹಂಗ ಹೋಗಾಕ ಆಗೂದಿಲ್ಲ. 'ನೀ ಯಾರ ಕಡೆ?' ಅಂತ ಕೇಳಿದಂಗ ಆಗತೈತಿ. ಅವ್ವನ ಬೆವರಿನ ಮೇಲೆ ಪದ್ಯ ಬರೆದು ಚಪ್ಪಾಳೆ ಗಿಟ್ಟಿಸುವ ನಮ್ಮಂಥ ಕವಿಗಳಿಗೂ ಈ ಪ್ರಶ್ನೆ ತಪ್ಪಿದ್ದಲ್ಲ.

1981ರಲ್ಲಿ ಶರದ್ ಜೋಶಿಯವರ ಮುಂದಾಳತ್ವದಲ್ಲಿ ನಿಪ್ಪಾಣಿಯ ರೈತರು ತಂಬಾಕಿಗೆ ಬೆಲೆ ಕೇಳಿ ರಸ್ತೆ ತಡೆದದ್ದು, ಗೋಲಿಬಾರಿನಲ್ಲಿ ರೈತರು ಸತ್ತದ್ದು ಚಳವಳಿಗಳ ನೆನಪಿನಲ್ಲಿದೆ. ಇರಲೇಬೇಕು. ಆದರೆ ಅದೇ ತಂಬಾಕಿನ ಧೂಳು ಕುಡಿದು ದುಡಿದವಳ ಕೂಲಿಯ ಲೆಕ್ಕ ಯಾರ ನೆನಪಿನಲ್ಲಿದೆ? ಹೊಲಕ್ಕೂ ಪೇಟೆಗೂ ನಡುವೆ ಮುಚ್ಚಿಕೊಂಡಿದ್ದ ಬಾಗಿಲನ್ನು ಈ ಚಿತ್ರ ತೆಗೆಯಿತು.

ನಮ್ಮದೊಂದು ತಕರಾರಿದೆ, ಅದು ಚಿತ್ರದ ಮೇಲಲ್ಲ, ನಮ್ಮ ಮೇಲೇ. ಬರ್ಲಿನ್ನಿನ ಆರ್ಸೆನಲ್ ಸಂಸ್ಥೆ ಈ ಚಿತ್ರವನ್ನು ಜೀರ್ಣೋದ್ಧಾರ ಮಾಡಿ ಉಳಿಸಿದೆ. ಚಿಕ್ಕೋಡಿ, ರಾಯಬಾಗ, ಅಥಣಿ, ಕಾಗವಾಡದ ಶಾಲೆಯಂಗಳದಲ್ಲಿ ಅದನ್ನು ತೋರಿಸಬೇಕಾದವರು ನಾವಲ್ಲದೆ ಮತ್ಯಾರು? ಮಾಸ್ತರರೇ, ಗೆಳೆಯರೇ, ಗೋಡೆಗೊಂದು ಬಿಳಿ ಧೋತರ ಕಟ್ಟಿರಿ. ಬೀಡಿ ಸುತ್ತುವ, ಕಬ್ಬು ಕಡಿಯುವ ಅವ್ವಂದಿರನ್ನು ಮುಂದಿನ ಸಾಲಿಗೆ ಕೂಡ್ರಿಸಿರಿ. ಚಿತ್ರ ಮುಗಿದ ಮೇಲೆ ನಾವು ಭಾಷಣ ಬಿಗಿಯೋದು ಬ್ಯಾಡ. ಅವರು ಮಾತಾಡಲಿ. ನಾವು ಬರಕೊಳ್ಳೋಣ.